ಕತ್ತರಿಸಿಟ್ಟ ತುಂಡು

ದೀಪ ಆರಿಸಿದ ಮೇಲೂ ಮನ್ನೂಬಿಯಾಳ ಬಾಯಿ ನಿಂತಿರಲಿಲ್ಲ. ಸೂರ್ಯಕಾಂತಿ ಬೀಜ ಕಡಿಯುತ್ತ ಅವಳು ಏನೋ ಹೇಳುತ್ತಲೇ ಇದ್ದಳು. ಪಕ್ಕದಲ್ಲಿ ಕೂತ ಶೆದ್ಲಿಯಾಗೆ ಒಂದಕ್ಷರವೂ ತಿಳಿಯುತ್ತಿರಲಿಲ್ಲ. ಮಿಲ್ಲಿನ ನೇಯ್ಗೆ ಶೆಡ್ಡಿನ ಅಬ್ಬರದಲ್ಲಿ ಆಯುಷ್ಯ ಸವೆಸಿದ ಹೆಂಗಸರಿಗೆ ಕಿವಿ ಇರುವುದು ಓಲೆ ಹಾಕಿಕೊಳ್ಳಲು. ಮಾತನ್ನು ಅವರು ಕಣ್ಣಿನಿಂದ ಕೇಳುತ್ತಾರೆ, ಎದುರಿನವರ ತುಟಿ ನೋಡಿಕೊಂಡು. ಕತ್ತಲಾಯಿತೆಂದರೆ ಅದೂ ಇಲ್ಲ. ಶೆದ್ಲಿಯಾ ಗೆಳತಿಯ ಮಂಡಿ ಒತ್ತಿ, "ಸುಮ್ನಿರೇ, ಶುರುವಾಯ್ತು," ಎಂದಳು.

ಸಂಸ್ಕೃತಿ ಭವನದ ಆ ಸಾಲು ಪೂರ್ತಿ ಮಿಲ್ಲಿನ ಹಳೆಯ ಹೆಂಗಸರೇ. ಉಳಿದ ಕಡೆಯೆಲ್ಲ ಊರಿನ ಸಿನಿಮಾ ಕೂಟದ ಹುಡುಗ ಹುಡುಗಿಯರು. ಕೂಟಕ್ಕೆ ಐವತ್ತು ವರ್ಷ ತುಂಬಿತೆಂದು, ಹಳಬರು ತೆಗೆದಿದ್ದ ಪುಟ್ಟ ಚಿತ್ರಗಳನ್ನು ಆ ಮಧ್ಯಾಹ್ನ ತೋರಿಸುತ್ತಿದ್ದರು. ಆಗೆಲ್ಲ ಕೂಟವೆಂದರೆ ಇಬ್ಬರು ಮೇಷ್ಟ್ರು, ಅಂಚೆ ಕಚೇರಿಯ ಒಬ್ಬ ಗುಮಾಸ್ತ, ಮಿಲ್ಲಿನ ಎಲೆಕ್ಟ್ರಿಷಿಯನ್ ಖಮೈಸ್, ಎಲ್ಲರಿಗೂ ಸೇರಿ ಒಂದು ಕ್ಯಾಮೆರಾ. ಬೇರೆಯವರು ಮದುವೆ, ಕಡಲು, ಕತ್ತೆ ಅಂತ ತೆಗೆಯುತ್ತಿದ್ದರೆ ಖಮೈಸ್‌ಗೆ ಒಂದೇ ಹುಚ್ಚು. ಕಥೆ ಬೇಡ, ಹಾಡು ಬೇಡ, ಯಂತ್ರ ಮತ್ತು ಅದರ ಮುಂದೆ ನಿಂತ ಮನುಷ್ಯ ಸಾಕು ಎನ್ನುತ್ತಿದ್ದ. ಮಿಲ್ಲಿಗೆ ಒಳ್ಳೆಯ ಜಾಹೀರಾತಾದೀತೆಂದು ಆಡಳಿತದವರು ಅವನನ್ನು ಶೆಡ್ಡಿನೊಳಗೆ ಬಿಟ್ಟರು. ಆಮೇಲೆ ಚಿತ್ರ ನೋಡಿ ಮುಖ ಹುಳ್ಳಗೆ ಮಾಡಿಕೊಂಡರು. ಊರಲ್ಲಿ ಅದನ್ನು ಯಾರಿಗೂ ತೋರಿಸಕೂಡದೆಂದು ತಾಕೀತಾಯಿತು. ಬರಬರುತ್ತ ಮಿಲ್ಲೇ ಮುಚ್ಚಿತು, ತಾಕೀತು ಮಾಡಿದವರೂ ಮಣ್ಣಾದರು, ಚಿತ್ರವನ್ನು ಕೇಳುವವರೂ ಉಳಿಯಲಿಲ್ಲ.

ಹೋದ ವಾರ ಖಮೈಸ್ ತಾನಾಗಿ ಶೆದ್ಲಿಯಾಳ ಮನೆ ಬಾಗಿಲಿಗೆ ಬಂದಿದ್ದ. ಒಳಗೆ ಬಾ ಎಂದರೂ ಬರದೆ ಹೊಸ್ತಿಲಲ್ಲೇ ನಿಂತು, ಅವಳಿಗೆ ತಿಳಿಯಲೆಂದು ತುಟಿ ಅಗಲಿಸಿ ಹೇಳಿದ್ದ: "ಅಕ್ಕಾ, ಅದ್ರಲ್ಲಿ ಲರೂಸಿ ಇದಾನೆ. ನಿಂಗೆ ಸಂಕಟ ಆಗುತ್ತೆ ಅಂತ ಇಷ್ಟು ವರ್ಷ ಬಾಯಿ ಬಿಡ್ಲಿಲ್ಲ. ನಾನೂ ಇನ್ನೆಷ್ಟು ದಿನ ಇರ್ತೀನೋ. ಬರೋದು ಬಿಡೋದು ನಿನ್ನಿಷ್ಟ."

ಸತ್ತ ಗಂಡನನ್ನು ಪರದೆಯ ಮೇಲೆ ನೋಡಿ ಆಗಬೇಕಾದದ್ದೇನು ಎಂದು ಶೆದ್ಲಿಯಾ ವಾರವೆಲ್ಲ ಗೊಣಗಿದಳು. ಈ ದಿನ ಮಾತ್ರ ಊಟವಾದದ್ದೇ ಇಸ್ತ್ರಿ ಮಾಡಿದ ಬಿಳಿ ಹೊದಿಕೆ ಹೊದ್ದು, ಎಲ್ಲರಿಗಿಂತ ಮೊದಲು ಮನ್ನೂಬಿಯಾಳ ಬಾಗಿಲು ಬಡಿದಿದ್ದಳು.

ಚಿತ್ರಕ್ಕೆ ಸದ್ದಿರಲಿಲ್ಲ. ಹಲ್ಲುಚಕ್ರಗಳು ತಿರುಗಿದವು. ಪಟ್ಟಿ ಓಡಿತು. ಲಾಳಿ ಹಾಸಿನ ಎಳೆಗಳ ನಡುವೆ ಅತ್ತಿಂದಿತ್ತ ಹಾರಿತು. ಒಂದು ಕೈ ಬಂತು, ಲಾಳಿಯೊಳಗಿನ ನೂಲಿನ ಕಂಡಿಕೆ ಬದಲಿಸಿತು, ಮಾಯವಾಯಿತು. ಮತ್ತೆ ಚಕ್ರ, ಮತ್ತೆ ಕೈ. ಯಾರ ಕೈ ಯಾವುದೆಂದು ಈ ಸಾಲಿನವರು ಬೆರಳು ನೋಡಿಯೇ ಹೇಳುತ್ತಿದ್ದರು. ಆಮೇಲೆ ಮುಖಗಳು ಬಂದವು. ಒಂದೊಂದೂ ಪರದೆಯ ತುಂಬ. ಬೆವರು, ತಲೆವಸ್ತ್ರದ ಮೇಲೆ ಕೂತ ಹತ್ತಿಯ ಧೂಳು, ಆಡುತ್ತಲೇ ಇರುವ ತುಟಿ. ಹುಡುಗರು ಉಸಿರು ಬಿಗಿಹಿಡಿದು ನೋಡುತ್ತಿದ್ದರೆ ಈ ಸಾಲಿನಲ್ಲಿ ಒಬ್ಬಳು ಕಿಸಕ್ಕೆಂದಳು.

ಪರದೆಯ ಮೇಲಿದ್ದವಳು ಹಲ್ಲೂಮಾ. ಅವಳು ಸತ್ತು ಎಷ್ಟೋ ವರ್ಷವಾಗಿದೆ. ಗಂಭೀರವಾಗಿ ಮಗ್ಗದ ಕಡೆ ನೋಡುತ್ತ ಅವಳು ಎದುರಿನವಳಿಗೆ ಹೇಳುತ್ತಿದ್ದುದು ಇಷ್ಟು: "ಬಂದ ನೋಡು, ಡಬ್ಬಿ ಹಿಡ್ಕೊಂಡು. ಇವನಿಗೆ ಬೇಗ ಒಂದು ಹೆಣ್ಣು ನೋಡ್ರೇ, ಚಕ್ರಗಿಕ್ರ ಎಲ್ಲ ಮರೀತಾನೆ."

ಅದಕ್ಕೆ ಎದುರಿನವಳು: "ಹೆಣ್ಣು ಸಿಕ್ರೆ ಅವಳನ್ನೂ ಬಿಚ್ಚಿ ಎಣ್ಣೆ ಹಾಕ್ತಾನೆ."

ಸಾಲಿಗೆ ಸಾಲೇ ನಗೆಯಲ್ಲಿ ಅಲುಗಿತು. ಮುಂದಿದ್ದ ಹುಡುಗನೊಬ್ಬ ತಿರುಗಿ, ದುಡಿಮೆಯ ಸಂಕಟದ ಚಿತ್ರ ನೋಡಿ ನಗುವ ಈ ಮುದುಕಿಯರು ಎಂಥವರಪ್ಪ ಎಂಬಂತೆ ನೋಡಿದ. ಮನ್ನೂಬಿಯಾ ಕಣ್ಣೊರೆಸಿಕೊಂಡಳು. ನಕ್ಕದ್ದಕ್ಕೋ ಹಲ್ಲೂಮಾಳನ್ನು ಕಂಡದ್ದಕ್ಕೋ ಅವಳಿಗೇ ಗೊತ್ತಿರಲಿಲ್ಲ.

ಆಗ ಲರೂಸಿ ಬಂದ.

ಶೆದ್ಲಿಯಾ ಮೊದಲು ನೋಡಿದ್ದು ಮುಖವನ್ನಲ್ಲ, ಅವನ ನೀಲಿ ಕೋಟನ್ನು. ಎದೆಯ ಹತ್ತಿರ ಗುಂಡಿ ಕಿತ್ತುಹೋಗಿತ್ತು. ಆ ಜಾಗದಲ್ಲಿ ಮಗ್ಗದ ದಾರವನ್ನೇ ಒರಟೊರಟಾಗಿ ಪೋಣಿಸಿ ಗಂಟು ಹಾಕಿದ್ದ. ಅದು ಕೆಂಪು ದಾರವೆಂದು ಕಪ್ಪು ಬಿಳುಪಿನಲ್ಲೂ ಅವಳಿಗೆ ಗೊತ್ತು. ಆ ಕೋಟು ಇಂದಿಗೂ ಅವಳ ಪೆಟ್ಟಿಗೆಯಲ್ಲಿದೆ. ಅವನು ಸತ್ತ ಸಂಜೆ ಮಡಚಿ ಅವಳ ಕೈಗೆ ಕೊಟ್ಟಾಗಲೇ ಆ ದಾರವನ್ನು ಅವಳು ಮೊದಲ ಸಲ ಕಂಡದ್ದು. ಹಿಂದಿನ ದಿನದವರೆಗೂ ಗುಂಡಿ ಇತ್ತೆಂದು ಅವನ ಅತ್ತಿಗೆ ಹೇಳಿದ್ದಳು. ಅಂದಮೇಲೆ ಇದು ಅವನು ಸತ್ತ ಅದೇ ದಿನ.

ಆ ವಾರ ಅವಳು ತವರಿನಲ್ಲಿದ್ದಳು, ಕೆಲಸಕ್ಕೂ ಅಲ್ಲಿಂದಲೇ ಬರುತ್ತಿದ್ದಳು. ಕಾರಣ ಊರಿಗೆಲ್ಲ ಗೊತ್ತಿತ್ತು. ಒಬ್ಬೊಬ್ಬರು ಎರಡರ ಬದಲು ನಾಲ್ಕು ಮಗ್ಗ ನೋಡಿಕೊಳ್ಳಬೇಕೆಂದು ಆಡಳಿತದವರು ಹೊರಟಿದ್ದರು. ನಾಲ್ಕಾದರೆ ಎರಡು ಯಾವಾಗಲೂ ಬೆನ್ನ ಹಿಂದೆ. ಹಿಂದಿನದರಲ್ಲಿ ಏನಾಗುತ್ತಿದೆಯೆಂದು ದೇವರೇ ಬಲ್ಲ. ಯಾರೂ ಒಪ್ಪಕೂಡದೆಂದು ಕಾರ್ಮಿಕ ಸಂಘದವರು ಮನೆಮನೆಗೆ ಬಂದು ಆಣೆ ಹಾಕಿಸಿಕೊಂಡರು. ಶೆದ್ಲಿಯಾ ಎಲ್ಲರಿಗಿಂತ ಮುಂದೆ ನಿಂತು ಆಣೆ ಹಾಕಿದವಳು. ಮಾರನೆಯ ವಾರ ತಾಹರ್ ಮೇಸ್ತ್ರಿ ಯಾರ‍್ಯಾರು ಒಪ್ಪಿದ್ದಾರೆಂದು ಓದಿದಾಗ ಮೊದಲ ಹೆಸರೇ ಲರೂಸಿ. ಅಣ್ಣಂದಿರ ಸಂಸಾರದ ನಡುವೆ ಪರದೆ ಕಟ್ಟಿಕೊಂಡು ಮಲಗುತ್ತಿದ್ದ ಗಂಡ ಹೆಂಡತಿಗೆ ಆ ಹೆಚ್ಚಿನ ಕೂಲಿಯಲ್ಲಿ ಮಹಡಿಯ ಮೇಲೆ ಒಂದು ಕೋಣೆ ಕಟ್ಟಬೇಕೆಂಬ ಆಸೆ ಅವನಿಗೆ. ಅವಳಿಗೂ ಇತ್ತು ಅನ್ನಿ. ಆದರೆ ಅಷ್ಟು ಜನರ ಮುಂದೆ ತಲೆ ತಗ್ಗಿಸಬೇಕಾಯಿತಲ್ಲ, ಅದನ್ನು ಅವಳು ನುಂಗಿಕೊಳ್ಳಲಿಲ್ಲ.

ಶೆಡ್ಡಿನಲ್ಲಿ ಜಗಳವಾಡಲು ಇರುವುದು ಒಂದೇ ದಾರಿ, ಬೆನ್ನು ತಿರುಗಿಸುವುದು. ನೋಡದಿದ್ದರೆ ಮಾತೇ ಇಲ್ಲ. ಎದುರಿನವನು ಗಂಟಲು ಹರಿದುಕೊಂಡರೂ ಗೋಡೆಗೆ ಹೇಳಿದ ಹಾಗೆ. ಎಂಥ ಜಗಳವಾದರೂ ಊಟದ ಗಂಟೆಯವರೆಗೆ ಬೆನ್ನು ಹಾಕುವುದು, ಆಮೇಲೆ ತಿರುಗುವುದು, ಅದು ಅಲ್ಲಿನ ರೂಢಿ. ಶೆದ್ಲಿಯಾ ವಾರ ಪೂರ್ತಿ ಬೆನ್ನು ಹಾಕಿದಳು. ಅವಳ ಮಗ್ಗ ಅವನ ಮಗ್ಗದ ಎದುರಿಗೇ ಇತ್ತು. ತಿರುಗದೆ ಕೆಲಸ ಮಾಡಲು ಸೊಂಟ ಸೊಟ್ಟ ಮಾಡಿಕೊಂಡು ನಿಲ್ಲಬೇಕು. ನಿಂತಳು.

ಪರದೆಯ ಮೇಲೆ ಲರೂಸಿ ಎದುರಿಗೆ ಯಾರನ್ನೋ ನೋಡಿ ಹೇಳಿದ: "ಶೆದ್ಲಿಯಾ, ತಿರುಗು."

ಹಲ್ಲುಚಕ್ರ ಬಂತು.

"ಒಂದು ಮಾತಿದೆ ಕಣೇ."

ಲಾಳಿ ಹಾರಿತು.

"ನಾನು ಮೇಸ್ತ್ರಿ ಹತ್ರ ಹೋಗಿ—"

ಮತ್ತೆ ಚಕ್ರ. ಹಲ್ಲಿಗೆ ಹಲ್ಲು ಕಚ್ಚಿಕೊಂಡು ಅದು ತಿರುಗಿತು, ತಿರುಗುತ್ತಲೇ ಹೋಯಿತು. ಈಗ ಬರುತ್ತಾನೆ, ಈಗ ಬರುತ್ತಾನೆ ಎಂದು ಶೆದ್ಲಿಯಾ ಕುರ್ಚಿಯ ಅಂಚಿಗೆ ಬಂದಿದ್ದಳು. ಪರದೆ ಬೆಳ್ಳಗಾಯಿತು. ದೀಪ ಹತ್ತಿತು. ಜನ ಚಪ್ಪಾಳೆ ಹೊಡೆದರು.

ಈ ಸಾಲಿನಲ್ಲಿ ಯಾರೂ ಚಪ್ಪಾಳೆ ಹೊಡೆಯಲಿಲ್ಲ. ಎಲ್ಲರೂ ಅದನ್ನು ಓದಿದ್ದರು. ಒಬ್ಬರೂ ಶೆದ್ಲಿಯಾಳ ಮುಖ ನೋಡಲಿಲ್ಲ.

ಖಮೈಸ್‌ನನ್ನು ವೇದಿಕೆಗೆ ಕರೆದು ಮಾತಾಡಿಸಿದರು. ಮುದುಕ ನಾಚಿಕೊಂಡು ಮೈಕು ಹಿಡಿದು, ಯಂತ್ರದ ಎದುರಿಗೆ ಮನುಷ್ಯನ ಬಾಯಿ ಬರೀ ತೆರೆಯುವ ಮುಚ್ಚುವ ಇನ್ನೊಂದು ಯಂತ್ರವಾಗುತ್ತದೆ, ಅದನ್ನು ತೋರಿಸಬೇಕೆನಿಸಿತ್ತು, ಅದಕ್ಕೇ ಮಾತಿಲ್ಲದ ಬಾಯಿಗಳನ್ನು ಚಕ್ರಗಳ ಜೊತೆ ಜೋಡಿಸಿದೆ ಎಂದ. ಹುಡುಗಿಯೊಬ್ಬಳು ಎಲ್ಲ ಬರೆದುಕೊಂಡಳು. ಅವನದೂ ತಪ್ಪಲ್ಲ. ಅವನಿದ್ದದ್ದು ಪವರ್ ಹೌಸಿನಲ್ಲಿ. ಶೆಡ್ಡಿನ ತುಟಿಮಾತು ಅವನಿಗೆ ಎಲ್ಲಿಂದ ಬರಬೇಕು.

ಹೊರಗೆ ಅಂಜೂರದ ಮರದ ಕೆಳಗೆ ಶೆದ್ಲಿಯಾ ಗೆಳತಿಯ ಗಲ್ಲ ಹಿಡಿದು ತನ್ನ ಕಡೆ ತಿರುಗಿಸಿಕೊಂಡಳು.

"ಮೇಸ್ತ್ರಿ ಹತ್ರ ಹೋಗಿ, ಆಮೇಲೆ?"

"ನಂಗೇನ್ ಗೊತ್ತು. ನೀನು ನೋಡಿದ್ದೇ ನಾನೂ ನೋಡಿದ್ದು."

"ಮೇಸ್ತ್ರಿ ಹತ್ರ ಹೋಗಿ ಏನ್ ಮಾಡ್ದ ಅವ್ನು? ನನ್ ಹೆಸರೂ ಬರೆಸಿ ಬಂದ್ನಾ? ಇನ್ನೂ ಎರಡು ಮಗ್ಗ ಕೇಳಿದ್ನಾ?"

"ಬಿಡೇ ಶೆದ್ಲಿಯಾ. ಇಷ್ಟು ವರ್ಷ ಗೊತ್ತಿಲ್ದೆ ಬದುಕ್ಲಿಲ್ವಾ. ಹೋದವ್ನ ಬಾಯಿಂದ ಇನ್ನೇನು ಕೇಳಿ ನೆಮ್ಮದಿ ಕಳ್ಕೋಬೇಕು ನಿಂಗೆ?"

"ಎಲ್ಲಿತ್ತೇ ನೆಮ್ಮದಿ," ಎಂದಳು ಶೆದ್ಲಿಯಾ. "ನೀನು ಕಂಡಿದ್ಯಾ?"

ಮನ್ನೂಬಿಯಾ ಕಂಡಿರಲಿಲ್ಲ. ಚಿತ್ರ ತೆಗೆದ ಆ ದಿನವೇ, ಪಾಳಿ ಮುಗಿಯಲು ಸ್ವಲ್ಪ ಹೊತ್ತಿರುವಾಗ, ಲರೂಸಿಯ ಬೆನ್ನ ಹಿಂದಿನ ಮಗ್ಗದಿಂದ ಉಕ್ಕಿನ ಮೂತಿಯ ಲಾಳಿ ಹಾದಿ ತಪ್ಪಿ ಹಾರಿ ಬಂದು ಅವನ ಕಿವಿಯ ಮೇಲೆ ಬಡಿಯಿತು. ಶೆಡ್ಡಿನಲ್ಲಿ ಸದ್ದಾದರೆ ಯಾರೂ ತಿರುಗುವುದಿಲ್ಲ, ಸದ್ದು ಕಡಿಮೆಯಾದರೆ ತಿರುಗುತ್ತಾರೆ. ಮಗ್ಗಗಳು ಒಂದೊಂದಾಗಿ ನಿಲ್ಲುತ್ತ ಬಂದವು. ಶೆದ್ಲಿಯಾ ಆಗ ತಿರುಗಿದಳು. ನಾಲ್ಕು ಮಗ್ಗಕ್ಕೆ ಒಪ್ಪಿದ ಮನುಷ್ಯನೆಂದು ಸಂಘದವರು ಮಣ್ಣಿಗೆ ಬರಲಿಲ್ಲ. ಎದುರಿನ ಕಾಫಿ ಅಂಗಡಿಯಲ್ಲಿ ಕೂತಿದ್ದವರು ಹೆಣ ಹಾದುಹೋಗುವಾಗ ಲೋಟ ಕೆಳಗಿಟ್ಟರು, ಅಷ್ಟೇ. ಮನ್ನೂಬಿಯಾಳ ಗಂಡನೂ ಅವರಲ್ಲೊಬ್ಬ. ಆಮೇಲೆ ಎಷ್ಟೋ ವರ್ಷ, ಯಾರಾದರೂ ಲರೂಸಿಯನ್ನು ಮಾಲೀಕರ ಬಾಲ ಎಂದರೆ ಶೆದ್ಲಿಯಾ ಎದ್ದು ಜಗಳವಾಡಲಿಲ್ಲ. ಹೌದೆನ್ನಲೂ ಇಲ್ಲ, ಅಲ್ಲವೆನ್ನಲೂ ಇಲ್ಲ. ತನ್ನ ಮಗ್ಗದ ಕಡೆ ತಿರುಗಿಕೊಳ್ಳುತ್ತಿದ್ದಳು.

"ಆ ಫಿಲ್ಮಿನ ಮಿಕ್ಕ ತುಂಡು ಎಲ್ಲೋ ಇರ್ಬೇಕು," ಎಂದಳು ಅವಳು. "ಬಾ, ಖಮೈಸ್‌ನ ಕೇಳೋಣ."

ಖಮೈಸ್ ಏನನ್ನೂ ಬಿಸಾಡುವ ಪೈಕಿಯಲ್ಲ. ಆಗ ಫಿಲ್ಮು ಚಿನ್ನದ ಬೆಲೆ. ಕತ್ತರಿಸಿ ಬಿಟ್ಟದ್ದನ್ನೂ ಕೂಟದವರು ಜೋಪಾನ ಮಾಡುತ್ತಿದ್ದರು. ಮಾರನೆಯ ಬೆಳಿಗ್ಗೆ ಇಬ್ಬರೂ ಹೋದಾಗ ಅವನು ಆಗಲೇ ಹಲ್ವಾ ಡಬ್ಬಿಯೊಂದನ್ನು ಇಳಿಸಿ, ತುಂಡುಗಳನ್ನು ಬೆಳಕಿಗೆ ಹಿಡಿದು ಹಿಡಿದು ನೋಡುತ್ತ ಕೂತಿದ್ದ. ಡಬ್ಬಿಯಿಂದ ವಿನೆಗರಿನ ಹುಳಿ ವಾಸನೆ ಬರುತ್ತಿತ್ತು. ಕೆಲವು ತುಂಡುಗಳು ಸುರುಟಿಕೊಂಡು ಒಂದಕ್ಕೊಂದು ಅಂಟಿದ್ದವು. ಅವನ ಹೆಂಡತಿ ಚಹಾ ತಂದಿಟ್ಟಳು. ಯಾರೂ ಮುಟ್ಟಲಿಲ್ಲ.

"ಇದು ನೋಡಕ್ಕಾ, ಸಿಕ್ತು," ಎಂದ ಖಮೈಸ್. "ಅವನದೇ ಮುಂದಿನ ತುಂಡು. ಯಾಕೆ ಬಿಟ್ಟೆ ಅಂತ ನೆನಪಿಲ್ಲ."

ಮೇಜಿನ ಮೇಲೆ ಅಂಗೈ ಅಗಲದ ಪರದೆಯಿರುವ ಪುಟ್ಟ ಯಂತ್ರವಿತ್ತು. ಪಕ್ಕದಲ್ಲಿ ಒಂದು ಹಿಡಿ. ಕೈಯಿಂದ ತಿರುಗಿಸಿದಷ್ಟು ಓಡುತ್ತದೆ. ಅವನು ತುಂಡನ್ನು ಸಿಕ್ಕಿಸಿ ಮೆಲ್ಲಗೆ ತಿರುಗಿಸಿದ. ಲರೂಸಿಯ ತುಟಿಗಳು ನೀರೊಳಗಿನವನಂತೆ ಅಲುಗಿದವು. ಮಾತಾಗಲಿಲ್ಲ. ಜೋರಾಗಿ ತಿರುಗಿಸಿದ. ಆಗಲೂ ಇಲ್ಲ.

"ಇತ್ತ ಕೊಡು," ಎಂದು ಶೆದ್ಲಿಯಾ ಕೈ ಚಾಚಿದಳು.

"ಹರಿದುಹೋಗುತ್ತೆ ಅಕ್ಕಾ, ತುಂಬ ಹಳೇದು."

"ನೇಯ್ದಿರೋ ಕೈ ಕಣೋ ಇದು. ಎಳೆ ಹರಿಯಲ್ಲ. ಕೊಡು."

ಹಿಡಿಯನ್ನು ಹಿಡಿದಳು. ಲಾಳಿ ಅತ್ತ ಹೋಗಿ ಇತ್ತ ಬರುವ ಲಯ ಅವಳ ಮೊಣಕೈಯಲ್ಲಿ ಇನ್ನೂ ಇತ್ತು. ಆ ಲಯಕ್ಕೆ ತಿರುಗಿಸಿದಳು. ಆಗ ಲರೂಸಿ ಮಾತಾಡತೊಡಗಿದ. ಮೂವತ್ತು ತುಂಬದ ಹುಡುಗ. ಇವಳಿಗೆ ಮೊಮ್ಮಗನಾಗಬಹುದಾದಂಥ ವಯಸ್ಸು.

"...ಹೆಸರು ತೆಗೆಸ್ದೆ. ಬೆಳಿಗ್ಗೆನೇ ಹೋಗಿ ತೆಗೆಸ್ದೆ. ಸೋಮವಾರದಿಂದ ನಂಗೂ ಎರಡೇ ಮಗ್ಗ, ಎಲ್ಲರ ಹಾಗೆ. ಕೋಣೆ ಗೀಣೆ ಏನೂ ಬೇಡ. ನೀನಿಲ್ದೆ ಆ ಮನೇಲಿ ಇರಕ್ಕಾಗ್ತಿಲ್ಲ ಕಣೇ, ಅತ್ತಿಗೆ ಕೈಲಿ ಗುಂಡಿ ಹೊಲಿಸ್ಕೊಳ್ಳಕ್ಕೆ ನಾಚ್ಕೆ ಆಗುತ್ತೆ. ಸಂಜೆ ಗೇಟ್ ಹತ್ರ ನಿಂತಿರ್ತೀನಿ. ತಿರುಗೇ ಒಂದ್ಸಲ. ನಕ್ಬಿಡು, ಸಾಕು."

ಮನ್ನೂಬಿಯಾ ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡಳು. "ಅಯ್ಯೋ ದೇವ್ರೆ, ತಾಹರ್ ಮೇಸ್ತ್ರಿ ಒಂದು ಮಾತು ಹೇಳ್ಲಿಲ್ಲ," ಎಂದಳು. "ಸಾಯೋ ತನಕ ಹೇಳ್ಲಿಲ್ಲ ಆ ಪಾಪಿ. ನಮ್ಮನೆಯವ್ರು ಕಾಫಿ ಅಂಗಡೀಲಿ ಕೂತಿದ್ರಲ್ಲೇ."

ಶೆದ್ಲಿಯಾಳ ಕೈ ನಿಲ್ಲಲಿಲ್ಲ. ಲರೂಸಿ ಮಾತು ಮುಗಿಸಿ ಸುಮ್ಮನೆ ನಿಂತಿದ್ದ. ಅವನ ಕಣ್ಣು ಎದುರಿಗೇ ನೆಟ್ಟಿತ್ತು. ಹುಬ್ಬು ಸ್ವಲ್ಪ ಮೇಲೆ, ತುಟಿಯ ಅಂಚಿನಲ್ಲಿ ನಗು ಬರಲೋ ಬೇಡವೋ ಎಂಬಂತಿತ್ತು. ಅವನು ಕಾಯುತ್ತಿದ್ದ. ಆಗ ಚಿತ್ರ ಅಲುಗಿತು. ಇವನು ಯಾರ ಜೊತೆ ಮಾತಾಡುತ್ತಿದ್ದಾನೆಂದು ನೋಡಲು ಖಮೈಸ್ ಅಂದು ಕ್ಯಾಮೆರಾವನ್ನು ಆ ಕಡೆಗೆ ತಿರುಗಿಸಿದ್ದ. ಮಗ್ಗದ ಕಂಬಗಳು ಜಾರಿದವು, ಧೂಳು ಜಾರಿತು. ಒಂದು ಬೆನ್ನು ಬಂದು ನಿಂತಿತು.

ಹೆಣ್ಣಿನ ಬೆನ್ನು. ಕತ್ತಿನ ಮೇಲೆ ಬಿಳಿಯ ತಲೆವಸ್ತ್ರದ ಗಂಟು. ಸೊಂಟ ಒಂದು ಕಡೆಗೆ ಸೊಟ್ಟ.

"ಹ್ಞಾ, ಈಗ ನೆನಪಾಯ್ತು," ಎಂದ ಖಮೈಸ್, ಕನ್ನಡಕ ಸರಿಮಾಡಿಕೊಂಡು ಬಗ್ಗಿ. "ಯಾರೋ ಗೊತ್ತಾಗ್ಲಿಲ್ಲ. ಈಗ ತಿರುಗ್ತಾಳೆ, ಈಗ ತಿರುಗ್ತಾಳೆ ಅಂತ ನಾನೂ ಕಾದೆ ಅಕ್ಕಾ. ಫಿಲ್ಮು ಮುಗಿಯೋವರ್ಗೂ ಕಾದೆ. ತಿರುಗ್ಲೇ ಇಲ್ಲ. ಮುಖ ಇಲ್ದಿರೋ ಬೆನ್ನು ಇಟ್ಕೊಂಡು ಏನ್ಮಾಡೋದು ಅಂತ ಕತ್ತರಿಸಿಬಿಟ್ಟೆ."

ಖಮೈಸ್ ಶೆದ್ಲಿಯಾಳ ಮುಖ ನೋಡಿದ, ಮನ್ನೂಬಿಯಾಳ ಮುಖ ನೋಡಿದ, ಆಮೇಲೆ ಮೆಲ್ಲಗೆ ಕನ್ನಡಕ ತೆಗೆದು ಮೇಜಿನ ಮೇಲಿಟ್ಟು ಎದ್ದು ಒಳಗೆ ಹೋದ.

ತುಂಡು ಮುಗಿದು ಪರದೆ ಬೆಳ್ಳಗಾಯಿತು. ಅವಳು ಹಿಡಿಯನ್ನು ಹಿಂದಕ್ಕೆ ತಿರುಗಿಸಿದಳು. ಬೆನ್ನು ಹೋಯಿತು, ಕಂಬ ಬಂತು, ಅವನು ಬಂದ. ಮುಂದಕ್ಕೆ ತಿರುಗಿಸಿದಳು. ಅವನು ಹೇಳಿದ. ಅವನು ಕಾದ. ಬೆನ್ನು ಬಂತು. ಈ ಸಲ ಬೆನ್ನು ಬಂದ ಕೂಡಲೇ ಅವಳ ಕೈ ನಿಧಾನವಾಯಿತು, ಒಂದೊಂದೇ ಚಿತ್ರ ಸರಿಯುವಷ್ಟು ನಿಧಾನ. ಆಮೇಲೆ ನಿಂತೇಹೋಯಿತು.

ಮುಂದಕ್ಕೆ ಬಾಗಿ, ಸದ್ದಿಲ್ಲದೆ, ಶೆಡ್ಡಿನಲ್ಲಿ ಆಡುತ್ತಿದ್ದ ಹಾಗೆ ತುಟಿ ಅಗಲಿಸಿ, ಶೆದ್ಲಿಯಾ ಆ ಬೆನ್ನಿಗೆ ಒಂದು ಮಾತು ಹೇಳಿದಳು. ಮತ್ತೆ ಹೇಳಿದಳು. ಮನ್ನೂಬಿಯಾಗೆ ಅದು ಕಂಡಿತು. ತಾನು ಓದಬಾರದ್ದೆಂದು ಅವಳು ಮುಖವನ್ನು ಕಿಟಕಿಯ ಕಡೆ ಮಾಡಿ ಕೂತಳು.

ಚಹಾ ಆರಿತ್ತು. ಪರದೆಯ ಮೇಲೆ ಬಿಳಿ ಗಂಟಿನ ಬೆನ್ನು ಹಾಗೇ ನಿಂತಿತ್ತು.